ನಾರ್ನಿಯಾವೋ, ಮಿಡ್ಲ್ ಅರ್ಥೋ, ಮ್ಯಾಕ್‌ಡೊನಾಲ್ಡೋ? ಕ್ರೈಸ್ತ ನಂಬಿಕೆಯ ಫ್ಯಾಂಟಸಿಯಲ್ಲಿ ನಿಮಗೆ ಯಾವುದು?

ಸಂಡೇ ಸ್ಕೂಲಿನ ಮಕ್ಕಳಿಗೆ ಓದಿ ಹೇಳಲು ಒಂದು ಪುಸ್ತಕ, ಯುವಕರ ಓದಿನ ಕೂಟಕ್ಕೆ ಒಂದು, ಇಲ್ಲವೇ ರಾತ್ರಿ ದೀಪ ಆರಿಸುವ ಮುನ್ನ ತಮ್ಮ ಪಾಡಿಗೆ ಓದಿಕೊಳ್ಳಲು ಒಂದು. ಯಾವುದಕ್ಕೆ ಕೇಳಿದರೂ ಬರುವ ಸಲಹೆ ಎರಡೇ: ನಾರ್ನಿಯಾ ಓದಿ, ಇಲ್ಲ ಲಾರ್ಡ್ ಆಫ್ ದಿ ರಿಂಗ್ಸ್ ಓದಿ. ಎರಡೂ ಒಂದೇ ಬಗೆಯವು ಎನ್ನುವ ಧಾಟಿಯಲ್ಲಿ ಹೇಳುತ್ತಾರೆ. ನಾರ್ನಿಯಾ ಬರೆದ ಸಿ.ಎಸ್. ಲೂಯಿಸ್, ರಿಂಗ್ಸ್ ಕಥೆಯ ಮಿಡ್ಲ್ ಅರ್ಥ್ ಲೋಕ ಕಟ್ಟಿದ ಜೆ.ಆರ್.ಆರ್. ಟೋಲ್ಕಿನ್ ಇಬ್ಬರೂ ಆಕ್ಸ್‌ಫರ್ಡಿನಲ್ಲಿ ಪಾಠ ಹೇಳುತ್ತಿದ್ದವರು, ಗೆಳೆಯರು, ಶ್ರದ್ಧೆಯ ಕ್ರೈಸ್ತರು. ಅಷ್ಟರಮಟ್ಟಿಗೆ ಸರಿ. ಆದರೆ ನಂಬಿಕೆಯನ್ನು ಕಥೆಯೊಳಗೆ ಇಟ್ಟ ರೀತಿ ಇಬ್ಬರದೂ ಬೇರೆ. ಒಂದನ್ನು ಓದುವ ಹಾಗೆಯೇ ಇನ್ನೊಂದನ್ನೂ ಓದಲು ಹೋದರೆ ಎರಡೂ ಕೆಡುತ್ತವೆ. ಟೋಲ್ಕಿನ್‌ಗೆ ಗೆಳೆಯನ ನಾರ್ನಿಯಾ ಕೊನೆಗೂ ಹಿಡಿಸಲಿಲ್ಲ ಎಂಬುದನ್ನು ನೆನಪಿಟ್ಟುಕೊಂಡರೆ ಈ ಅಂತರ ಎಷ್ಟು ದೊಡ್ಡದೆಂದು ಗೊತ್ತಾಗುತ್ತದೆ.

ಆದ್ದರಿಂದ ಪುಸ್ತಕ ಕೊಳ್ಳುವ ಮುಂಚೆ ಕೇಳಿಕೊಳ್ಳಬೇಕಾದ ಪ್ರಶ್ನೆ ಒಂದೇ: ಈ ಲೇಖಕರು ಕಥೆಗೂ ನಂಬಿಕೆಗೂ ನಡುವೆ ಎಷ್ಟು ದೂರ ಇಟ್ಟಿದ್ದಾರೆ? ಯಾರು ಓದುತ್ತಾರೆ, ಯಾತಕ್ಕೆ ಓದುತ್ತಾರೆ ಎಂಬುದಕ್ಕೆ ತಕ್ಕ ದೂರ ಆರಿಸಿಕೊಂಡರೆ ಮುಕ್ಕಾಲು ಕೆಲಸ ಮುಗಿಯಿತು.

ಅವಸರದಲ್ಲಿರುವವರಿಗೆ ಮೊದಲೇ ಉತ್ತರ ಹೇಳಿಬಿಡೋಣ. ಏಳೆಂಟು ವರ್ಷದ ಮಗುವಿಗೆ ಓದಿ ಹೇಳುವುದಾದರೆ ನಾರ್ನಿಯಾದ ಮೊದಲು ಬಂದ ಪುಸ್ತಕ ‘ದಿ ಲಯನ್, ದಿ ವಿಚ್ ಅಂಡ್ ದಿ ವಾರ್ಡ್‌ರೋಬ್’. ಮನೆಯಲ್ಲಿ ನಂಬುವವರೂ ನಂಬದವರೂ ಒಟ್ಟಿಗೆ ಕೂತು ಕೇಳುತ್ತಾರೆಂದರೆ ಜಾರ್ಜ್ ಮ್ಯಾಕ್‌ಡೊನಾಲ್ಡರ ‘ದಿ ಪ್ರಿನ್ಸೆಸ್ ಅಂಡ್ ದಿ ಗಾಬ್ಲಿನ್’. ಪಾಪ, ಕೃಪೆ ಎಂಬ ಮಾತುಗಳು ಕೇಳಿ ಕೇಳಿ ಸವೆದುಹೋಗಿವೆ ಎನ್ನಿಸುವ ಪ್ರಾಯದವರಿಗೆ ಟೋಲ್ಕಿನ್. ದೇವರ ಮೇಲೆ ಸಿಟ್ಟಿರುವವರಿಗೆ ಲೂಯಿಸರದೇ ‘ಟಿಲ್ ವಿ ಹ್ಯಾವ್ ಫೇಸಸ್’. ಯಾಕೆ ಎಂಬುದು ಮುಂದಿದೆ.

ಹೆಸರು ಹಣೆಯ ಮೇಲೇ ಇರುವ ಕಥೆ

ಅತಿ ಹತ್ತಿರದ ಕೊನೆಯಲ್ಲಿ ನಿಲ್ಲುವವನು ಜಾನ್ ಬನ್ಯನ್. ಅನುಮತಿಯಿಲ್ಲದೆ ಬೋಧಿಸಿದ್ದಕ್ಕೆ ಬೆಡ್‌ಫರ್ಡ್ ಸೆರೆಮನೆಯಲ್ಲಿ 12 ವರ್ಷ ಕಳೆದ ಈತನ ‘ಪಿಲ್‌ಗ್ರಿಮ್ಸ್ ಪ್ರೋಗ್ರೆಸ್’ 1678ರಲ್ಲಿ ಬಂತು, ಎರಡನೇ ಭಾಗ 1684ರಲ್ಲಿ. ಕನ್ನಡದ ಕ್ರೈಸ್ತ ಮನೆಗಳಿಗೆ ಇದು ಹೊಸದಲ್ಲ. ಮಿಷನರಿಗಳ ಕಾಲದಲ್ಲೇ, 19ನೇ ಶತಮಾನದಲ್ಲಿ, ‘ಯಾತ್ರಿಕನ ಸಂಚಾರ’ವಾಗಿ ಕನ್ನಡಕ್ಕೆ ಇಳಿದ ಪುಸ್ತಕ. ಇಲ್ಲಿ ನಾಯಕನ ಹೆಸರೇ ಕ್ರೈಸ್ತ, ಬೆನ್ನ ಮೇಲಿನ ಹೊರೆ ಪಾಪ, ಕೆಸರಿನ ಹೊಂಡ ಹತಾಶೆ. ಅರ್ಥ ಹುಡುಕುವ ಕೆಲಸ ಓದುಗನಿಗೆ ಇಲ್ಲ. ಉಪದೇಶಕ್ಕೆಂದೇ ಪುಸ್ತಕ ಬೇಕಾದರೆ ಇದಕ್ಕಿಂತ ಗಟ್ಟಿಯಾದದ್ದು ಇಲ್ಲ. ಕಥೆಯ ಹಂಬಲದಿಂದ ಬಂದ ಮಗುವಿಗೆ ಕೊಟ್ಟರೆ ಮಾತ್ರ ಸಂಭಾಷಣೆಯ ಉದ್ದಕ್ಕೆ ಬೇಸತ್ತು ಕೆಳಗಿಡುತ್ತದೆ. ಮೊದಲ ಭಾಗವನ್ನೇ, ಅದೂ ಹೊರೆ ಕಳಚಿ ಶಿಲುಬೆಯ ಬುಡದಿಂದ ಉರುಳಿಹೋಗುವವರೆಗೆ ಓದಿ ನಿಲ್ಲಿಸಿ, ಮಗು ಮುಂದೇನು ಎಂದು ಕೇಳಿದರಷ್ಟೇ ಮುಂದುವರಿಸಿ.

ನಾರ್ನಿಯಾ: ‘ಹೀಗಾಗಿದ್ದರೆ?’

ಲೂಯಿಸ್ ನಾರ್ನಿಯಾವನ್ನು ಅನ್ಯೋಕ್ತಿ, ಅಂದರೆ ಒಂದೊಂದು ಪಾತ್ರವೂ ಇನ್ನೊಂದರ ಸಂಕೇತವಾಗಿರುವ ಕಥೆ, ಎಂದು ಒಪ್ಪಲಿಲ್ಲ. ಮಾತಾಡುವ ಪ್ರಾಣಿಗಳ ಒಂದು ಲೋಕ ನಿಜಕ್ಕೂ ಇದ್ದು, ದೇವಪುತ್ರನು ನಮ್ಮ ಲೋಕದಲ್ಲಿ ಮನುಷ್ಯನಾದಂತೆ ಅಲ್ಲಿ ಸಿಂಹವಾಗಿದ್ದರೆ ಏನಾಗುತ್ತಿತ್ತು ಎಂಬ ಊಹೆ ತಮ್ಮದು ಎಂದರು. ಇದು ಬರೀ ಪದದ ವ್ಯತ್ಯಾಸವಲ್ಲ. ಬನ್ಯನ್‌ನ ಹೊರೆ ‘ಪಾಪದ ಸಂಕೇತ’. ಆ ಸಿಂಹ, ಆಸ್ಲಾನ್, ಯಾವುದರ ಸಂಕೇತವೂ ಅಲ್ಲ, ಆ ಲೋಕದಲ್ಲಿ ಅವನೇ ಅವನು. ಹಾಗಾಗಿ ಬೀವರ್ ದಂಪತಿ ಯಾರು, ದೀಪದ ಕಂಬ ಏನು, ಟರ್ಕಿಶ್ ಡಿಲೈಟ್ ಮಿಠಾಯಿ ಎಂದರೆ ಯಾವ ಪಾಪ ಎಂದು ಒಂದೊಂದಕ್ಕೂ ಉತ್ತರ ಹುಡುಕಿ ಪಟ್ಟಿ ಮಾಡುವ ಪಾಠ ತಪ್ಪು ದಾರಿ. ಅಂಥ ಪಾಠ ಕಲಿತ ಮಗು ಸಿಂಹವನ್ನು ಪ್ರೀತಿಸುವ ಮೊದಲೇ ಅದನ್ನು ಪ್ರಶ್ನೆಪತ್ರಿಕೆಯ ಉತ್ತರ ಮಾಡಿಕೊಂಡಿರುತ್ತದೆ.

ಹಾಗಾದರೆ ಎಲ್ಲಿ ನಿಂತು ನೋಡಬೇಕು? ಕಲ್ಲಿನ ಮೇಜಿನ ಬಳಿ. ‘ದಿ ಲಯನ್’ ಪುಸ್ತಕದ 13ನೇ ಅಧ್ಯಾಯದಲ್ಲಿ ಮಾಟಗಾತಿ ಬಂದು, ದ್ರೋಹಿಯ ರಕ್ತ ತನ್ನ ಹಕ್ಕು ಎಂದು ಕೇಳುತ್ತಾಳೆ. ನಾರ್ನಿಯಾಕ್ಕೆ ಬಂದ ನಾಲ್ಕು ಮಕ್ಕಳಲ್ಲೊಬ್ಬನಾದ ಎಡ್ಮಂಡ್ ದ್ರೋಹ ಮಾಡಿದ್ದು ಸುಳ್ಳಲ್ಲ, ಆಸ್ಲಾನ್ ಅದನ್ನು ಅಲ್ಲಗಳೆಯುವುದೂ ಇಲ್ಲ. 14ರಲ್ಲಿ ಅವನ ಬದಲು ತಾನೇ ಹೋಗಿ ಸಾಯುತ್ತಾನೆ. 15ರಲ್ಲಿ ಮೇಜು ಎರಡು ಹೋಳಾಗುತ್ತದೆ. ಮತ್ತಾಯ 27:51ರಲ್ಲಿ ದೇವಾಲಯದ ಪರದೆ ಹರಿದದ್ದನ್ನು ಬಲ್ಲವರಿಗೆ ಆ ಸದ್ದು ಗುರುತು ಸಿಗುತ್ತದೆ. ಇಲ್ಲಿ ಗಮನಿಸಬೇಕಾದ ಸಣ್ಣ ಅಂಶವೊಂದಿದೆ. ಈಡು ಕೇಳುತ್ತಿರುವವಳು ಮಾಟಗಾತಿ. ಅನೇಕರನ್ನು ಬಿಡಿಸಿಕೊಳ್ಳಲು ಪ್ರಾಣವನ್ನು ಈಡಾಗಿ ಕೊಡುವುದು ಎಂಬ ಮಾರ್ಕ 10:45ರ ಮಾತನ್ನು ಆದಿಸಭೆಯ ಹಲವರು ಅರ್ಥ ಮಾಡಿಕೊಂಡದ್ದು ಈ ಬಗೆಯಲ್ಲಿ: ಸೈತಾನನ ಹಿಡಿತದಿಂದ ಬಿಡಿಸಿಕೊಂಡದ್ದು. ದೇವರ ನ್ಯಾಯಕ್ಕೆ ಸಲ್ಲಬೇಕಾದ ದಂಡವನ್ನು ತೆತ್ತದ್ದು ಎಂಬ ವಿವರಣೆ ನಿಮ್ಮ ಸಭೆಯಲ್ಲಿ ರೂಢಿಯಾಗಿದ್ದರೆ, ಕಥೆ ಅದಕ್ಕೆ ಪೂರ್ತಿ ಹೊಂದುವುದಿಲ್ಲ. ಹೊಂದಿಸಲು ಎಳೆದಾಡಬೇಡಿ. ವ್ಯತ್ಯಾಸವನ್ನೇ ದೊಡ್ಡವರ ಕೂಟದಲ್ಲಿ ಚರ್ಚೆಗಿಡಿ, ಒಂದು ಸಂಜೆಗೆ ಸಾಕಾಗುವಷ್ಟು ವಿಷಯವಿದೆ.

ಇನ್ನು ಓದುವ ಕ್ರಮ. ಏಳು ಪುಸ್ತಕ ಬಂದದ್ದು 1950ರಿಂದ 1956ರವರೆಗೆ, ವರ್ಷಕ್ಕೊಂದು: ಲಯನ್, ಪ್ರಿನ್ಸ್ ಕ್ಯಾಸ್ಪಿಯನ್, ಡಾನ್ ಟ್ರೆಡರ್, ಸಿಲ್ವರ್ ಚೇರ್, ಹಾರ್ಸ್ ಅಂಡ್ ಹಿಸ್ ಬಾಯ್, ಮೆಜಿಷಿಯನ್ಸ್ ನೆಫ್ಯೂ, ಲಾಸ್ಟ್ ಬ್ಯಾಟಲ್. ಈಗ ಅಂಗಡಿಯಲ್ಲಿ ಸಿಗುವ ಪೆಟ್ಟಿಗೆಯ ಮೇಲೆ ‘1’ ಎಂದಿರುವುದು ಮೆಜಿಷಿಯನ್ಸ್ ನೆಫ್ಯೂ. ನಾರ್ನಿಯಾದ ಕಾಲಾನುಕ್ರಮ ಹಿಡಿದು ಅಂಕಿ ಹಾಕಿದ್ದಾರೆ. 1957ರಲ್ಲಿ ಒಬ್ಬ ಹುಡುಗನಿಗೆ ಬರೆದ ಪತ್ರದಲ್ಲಿ ಲೂಯಿಸ್ ಆ ಕ್ರಮಕ್ಕೆ ಹೂಂ ಅಂದದ್ದೂ ಉಂಟು. ಆದರೂ ಮೊದಲ ಓದಿಗೆ ಪ್ರಕಟವಾದ ಕ್ರಮವೇ ಸರಿ. ಲಯನ್‌ನ 7ನೇ ಅಧ್ಯಾಯದಲ್ಲಿ ಆಸ್ಲಾನ್ ಹೆಸರು ಮೊದಲ ಸಲ ಕಿವಿಗೆ ಬಿದ್ದಾಗ ನಾಲ್ಕು ಮಕ್ಕಳಿಗೂ ಮೈಯಲ್ಲಿ ಏನೋ ಆಗುತ್ತದೆ. ಅವನು ಯಾರೆಂದು ಓದುಗನಿಗೂ ಗೊತ್ತಿಲ್ಲ ಎಂದುಕೊಂಡೇ ಆ ಪುಟ ಬರೆದಿದ್ದಾರೆ. ಅವನು ಹಾಡಿ ಲೋಕವನ್ನು ಸೃಷ್ಟಿಸಿದ್ದನ್ನು ಮೊದಲೇ ಓದಿದ ಮಗುವಿಗೆ ಆ ನಡುಕ ತಪ್ಪಿಹೋಗುತ್ತದೆ.

ಏಳನ್ನೂ ಓದಲು ಆಗದು, ಎರಡೇ ಸಾಕು ಎನ್ನುವವರು ಲಯನ್ ಆದ ಮೇಲೆ ಡಾನ್ ಟ್ರೆಡರ್ ತೆಗೆದುಕೊಳ್ಳಿ. ಅದರ 6 ಮತ್ತು 7ನೇ ಅಧ್ಯಾಯ ದೀಕ್ಷಾಸ್ನಾನಕ್ಕೋ ದೃಢೀಕರಣಕ್ಕೋ ತಯಾರಾಗುವವರ ಕೈಗೆ ಕೊಡುವಂಥವು. ದುರಾಸೆಯ ಯೂಸ್ಟೇಸ್ ಡ್ರ್ಯಾಗನ್ ಆಗಿಬಿಟ್ಟಿದ್ದಾನೆ. ಬಾವಿಯಂಥ ಒಂದು ಕೊಳ, ಅದರಲ್ಲಿ ಇಳಿಯುವ ಮುಂಚೆ ಬಟ್ಟೆ ಕಳಚಬೇಕು. ಹಾವು ಪೊರೆ ಬಿಡುವಂತೆ ತನ್ನ ಚರ್ಮ ತಾನೇ ಕೆರೆದು ಕಳಚುತ್ತಾನೆ. ಕೆಳಗೆ ಅದೇ ಹುರುಪೆ. ಮತ್ತೊಮ್ಮೆ, ಮಗುದೊಮ್ಮೆ. ಮೂರು ಸಲವೂ ಅಷ್ಟೇ. ಕೊನೆಗೆ ಸಿಂಹ ಉಗುರಿಟ್ಟಾಗ ಮೊದಲ ಸೀಳು ಎದೆಯವರೆಗೂ ಇಳಿಯುತ್ತದೆ, ನೋವು ತಡೆಯಲಾಗದು, ಆದರೂ ಹುಣ್ಣಿನ ಹೊಪ್ಪಳೆ ಕಿತ್ತು ಬರುವಾಗಿನ ಹಿತ. ನಂತರ ನೀರಿಗೆ ಎಸೆಯುತ್ತದೆ. ಸ್ವಪ್ರಯತ್ನ, ಕೃಪೆ, ಸ್ನಾನ ಎಂದು ಬೇರೆ ಬೇರೆ ಹೇಳಿಕೊಡುವ ಮೂರೂ ಇಲ್ಲಿ ಒಂದೇ ಮೈಯ ಮೇಲೆ ನಡೆಯುತ್ತವೆ. ಲೂಯಿಸ್ ಅಲ್ಲಿಗೂ ಬಿಡುವುದಿಲ್ಲ: ಹುಡುಗ ಗುಣವಾಗತೊಡಗಿದ ಎನ್ನುತ್ತಾರೆ, ಪೂರ್ತಿ ಗುಣವಾದ ಎನ್ನುವುದಿಲ್ಲ. ಅದೇ ಪುಸ್ತಕದ ಕೊನೆಯಲ್ಲಿ ಕಡಲತಡಿಯಲ್ಲಿ ಮೀನು ಸುಟ್ಟಿಟ್ಟುಕೊಂಡು ಊಟಕ್ಕೆ ಕರೆಯುವ ಕುರಿಮರಿಯನ್ನು ಯೋಹಾನ 21ರ ಜತೆ ಇಟ್ಟು ಓದಿ.

ಸಿಲ್ವರ್ ಚೇರ್ ಇನ್ನೊಂದು ಕಾರಣಕ್ಕೆ ಬೇಕಾಗುತ್ತದೆ. ಕಾಲೇಜಿಗೆ ಹೋಗಿ, ದೇವರು ಬರೀ ಮನುಷ್ಯನ ಆಸೆಯ ನೆರಳು ಎಂಬ ವಾದ ಮೊದಲ ಸಲ ಕೇಳಿಬಂದ ಮಕ್ಕಳಿಗೆ ಅದರ 12ನೇ ಅಧ್ಯಾಯ. ಪಾತಾಳದ ರಾಣಿ ಇದೇ ವಾದವನ್ನು ಮೆಲುದನಿಯಲ್ಲಿ ಮಾಡುತ್ತಾಳೆ: ದೀಪ ನೋಡಿ ಸೂರ್ಯನನ್ನು ಕಲ್ಪಿಸಿಕೊಂಡಿರಿ, ಬೆಕ್ಕು ನೋಡಿ ಸಿಂಹವನ್ನು. ಪಡಲ್‌ಗ್ಲಮ್ ಎಂಬ ಮಕ್ಕಳ ಜತೆಗಾರ ಅದಕ್ಕೆ ಮೊದಲು ಕೊಡುವ ಉತ್ತರ ಬರಿಗಾಲಿನಿಂದ ಬೆಂಕಿ ತುಳಿದು ಆರಿಸುವುದು, ಮಾತು ಆಮೇಲೆ.

ನಾರ್ನಿಯಾದಲ್ಲಿ ಎಡವುವ ಜಾಗಗಳೂ ಇವೆ, ಮುಚ್ಚಿಡಬೇಕಾಗಿಲ್ಲ. ಹಾರ್ಸ್ ಅಂಡ್ ಹಿಸ್ ಬಾಯ್‌ನ ಕ್ಯಾಲೊರ್ಮೆನ್ ಜನರನ್ನು ಕಪ್ಪು ಮೈಬಣ್ಣ, ಪೇಟ, ಕ್ರೌರ್ಯ ಬೆರೆಸಿ ಚಿತ್ರಿಸಿದ್ದು ನಮ್ಮ ಮಕ್ಕಳಿಗೆ ನೇರವಾಗಿ ತಟ್ಟುತ್ತದೆ. ಓದುವ ದಿನವೇ ಅದನ್ನು ಎತ್ತಿ ಮಾತಾಡಿ. ಲಾಸ್ಟ್ ಬ್ಯಾಟಲ್ ಹತ್ತು ಹನ್ನೊಂದು ವರ್ಷಕ್ಕೆ ಮುಂಚೆ ಬೇಡ. ಅಲ್ಲಿ ಬಹುತೇಕ ಎಲ್ಲರೂ ಸತ್ತಿರುತ್ತಾರೆ, ಮೊದಲ ನಾಲ್ಕು ಮಕ್ಕಳಲ್ಲೊಬ್ಬಳಾದ ಸೂಸನ್ ಹೊರಗುಳಿಯುತ್ತಾಳೆ, ಮಕ್ಕಳು ಅಳುತ್ತಾರೆ. ಆದರೆ ಅದೇ ಪುಸ್ತಕದಲ್ಲಿ ಎಮೆತ್ ಎಂಬ ಕ್ಯಾಲೊರ್ಮೆನ್ ಯೋಧನಿದ್ದಾನೆ. ಹೀಬ್ರೂವಿನಲ್ಲಿ ಆ ಹೆಸರಿಗೆ ಸತ್ಯ ಎಂಬರ್ಥ. ಜೀವಮಾನವಿಡೀ ಬೇರೆ ದೇವರನ್ನು ಪ್ರಾಮಾಣಿಕವಾಗಿ ಪೂಜಿಸಿದವನನ್ನು ಆಸ್ಲಾನ್ ತನ್ನವನೆಂದು ಬರಮಾಡಿಕೊಳ್ಳುತ್ತಾನೆ. ಇದನ್ನು ಒಪ್ಪದ ಸಭಾಪಾಲಕರಿದ್ದಾರೆ, ಇದಕ್ಕಾಗಿಯೇ ಪುಸ್ತಕವನ್ನು ಎದೆಗೊತ್ತಿಕೊಂಡವರಿದ್ದಾರೆ. ನೆರೆಮನೆಯಲ್ಲಿ ಬೇರೆ ದೇವರ ದೀಪ ಉರಿಯುವ ನಾಡಿನಲ್ಲಿ ಓದುವವರು ಈ ಪುಟಗಳನ್ನು ಹಾರಿಸಲಾಗದು.

ಕನ್ನಡದಲ್ಲಿ ಹೇಳುವಾಗ

ಓದಿ ಹೇಳುವವರು ಬಹುಮಟ್ಟಿಗೆ ಇಂಗ್ಲಿಷ್ ಪುಸ್ತಕ ಕೈಯಲ್ಲಿಟ್ಟುಕೊಂಡು ಬಾಯಲ್ಲಿ ಕನ್ನಡ ಮಾಡುತ್ತಾರೆ. ಆಗ ಸಿಕ್ಕಿಕೊಳ್ಳುವುದು ‘ಮ್ಯಾಜಿಕ್’ ಎಂಬ ಒಂದೇ ಪದದಲ್ಲಿ. ಮಾಟಗಾತಿಯದಕ್ಕೆ ‘ಮಾಟ’ ಸರಿಹೊಂದುತ್ತದೆ. ಕಲ್ಲಿನ ಮೇಜಿನ ಮೇಲೆ ಕೆತ್ತಿದ, ಲೋಕದ ಉದಯಕಾಲದ ಆ ಆಳದ ಮ್ಯಾಜಿಕ್‌ಗೂ ಮಾಟ ಎಂದರೆ ಕಥೆ ತಲೆಕೆಳಗಾಗುತ್ತದೆ. ‘ಮಾಯೆ’ ಎಂದರೆ ಕನ್ನಡದ ಕಿವಿಗೆ ಸುಳ್ಳುತೋರಿಕೆ ಎಂದೇ ಕೇಳಿಸುತ್ತದೆ, ಅದಂತೂ ಕೂಡದು. ಅದು ನಿಜಕ್ಕೂ ಏನು ಎಂದು ನೋಡಿದರೆ ಒಂದು ಕಾನೂನು, ಮಾಟಗಾತಿಯೂ ಮೀರಲಾಗದ್ದು. ‘ಆದಿಯ ಕಟ್ಟಳೆ’ ಎನ್ನಿ, 15ನೇ ಅಧ್ಯಾಯಕ್ಕೆ ‘ಆದಿಗೂ ಮುಂಚಿನ ಕಟ್ಟಳೆ’. ಧರ್ಮಶಾಸ್ತ್ರಕ್ಕೂ ಕೃಪೆಗೂ ಇರುವ ನಂಟು ತನ್ನಿಂದ ತಾನೇ ಕೇಳಿಸುತ್ತದೆ.

ಬರೆದೇ ಅನುವಾದಿಸುವ ಉತ್ಸಾಹ ಇರುವವರಿಗೆ ಒಂದು ಮಾತು. ಭಾರತದ ಕಾಯಿದೆಯಲ್ಲಿ ಹಕ್ಕುಸ್ವಾಮ್ಯ ಲೇಖಕರು ತೀರಿಕೊಂಡ ಮರುವರ್ಷದಿಂದ 60 ವರ್ಷ. ಲೂಯಿಸ್ ತೀರಿಕೊಂಡದ್ದು 1963ರ ನವೆಂಬರ್ 22ರಂದು, ಹಾಗಾಗಿ ಅವರ ಜೀವಿತಕಾಲದಲ್ಲಿ ಪ್ರಕಟವಾದ ಪುಸ್ತಕಗಳ ಪಠ್ಯ 2024ರ ಜನವರಿ 1ರಿಂದ ಭಾರತದೊಳಗೆ ಮುಕ್ತ. ನಾರ್ನಿಯಾಕ್ಕೆ ಪಾಲಿನ್ ಬೇನ್ಸ್ ಬಿಡಿಸಿದ ಚಿತ್ರಗಳು ಮುಕ್ತವಲ್ಲ, ಅವರು ತೀರಿಕೊಂಡದ್ದು 2008ರಲ್ಲಿ. ಹೊರದೇಶಗಳಲ್ಲಿ ಲೆಕ್ಕ ಬೇರೆ. 1973ರಲ್ಲಿ ತೀರಿಕೊಂಡ ಟೋಲ್ಕಿನ್ ಇಲ್ಲಿ 2033ರ ಕೊನೆಯವರೆಗೂ ರಕ್ಷಿತರು. ಮ್ಯಾಕ್‌ಡೊನಾಲ್ಡ್, ಬನ್ಯನ್ ಅವರನ್ನು ಇಂದೇ ಶುರುಮಾಡಬಹುದು.

ಟೋಲ್ಕಿನ್: ಹಾಲಿನೊಳಗಿನ ತುಪ್ಪ

ಲಾರ್ಡ್ ಆಫ್ ದಿ ರಿಂಗ್ಸ್ ಮೂರು ಸಂಪುಟಗಳಾಗಿ 1954–55ರಲ್ಲಿ ಬಂತು. ಒಳಗೆ ಆರು ಪರ್ವ, 62 ಅಧ್ಯಾಯ, ಇಂಗ್ಲಿಷಿನಲ್ಲಿ ನಾಲ್ಕೂವರೆ ಲಕ್ಷ ಪದಗಳ ಮೇಲೆ. ಅಷ್ಟು ಪುಟಗಳಲ್ಲಿ ಒಂದು ಚರ್ಚಿಲ್ಲ, ಒಬ್ಬ ಪಾದ್ರಿಯಿಲ್ಲ, ದೇವರ ಹೆಸರೂ ಇಲ್ಲವೆನ್ನುವಷ್ಟು ವಿರಳ. ಊಟಕ್ಕೆ ಮುನ್ನ ಫರಾಮಿರ್‌ನ ಜನ ಪಶ್ಚಿಮಕ್ಕೆ ಮುಖಮಾಡಿ ಕ್ಷಣಕಾಲ ಮೌನವಾಗಿ ನಿಲ್ಲುವುದು, ಎಲ್ಬೆರೆತ್ ಎಂಬ ದೈವೀ ರಾಣಿಯನ್ನು ಕರೆದು ಮೊರೆಯಿಡುವುದು, ಅಷ್ಟೇ. ಅದೇ ಟೋಲ್ಕಿನ್ 1953ರಲ್ಲಿ ಯೆಸುಸಭೆಯ ಗೆಳೆಯ ರಾಬರ್ಟ್ ಮರ್ರಿಯವರಿಗೆ ಬರೆದ ಪತ್ರದಲ್ಲಿ ಇದು ಬುಡದಿಂದಲೂ ಧಾರ್ಮಿಕ, ಕ್ಯಾಥೊಲಿಕ್ ಕೃತಿ ಎಂದರು. ಧರ್ಮವೆಂದು ಕಾಣುವ ಎಲ್ಲವನ್ನೂ ತೆಗೆದುಹಾಕಿದ್ದು ಅದಕ್ಕೇ, ಧರ್ಮ ಕಥೆಯಲ್ಲೇ ಇಂಗಿದೆ ಎಂದೂ ಸೇರಿಸಿದರು.

ಆದ್ದರಿಂದ ಇಲ್ಲಿ ‘ಕ್ರಿಸ್ತ ಯಾರು’ ಎಂದು ಹುಡುಕಿದರೆ ಕೈಗೆ ಸಿಗುವುದಿಲ್ಲ. ಗ್ಯಾಂಡಾಲ್ಫ್ ಎಂಬ ಮಾಂತ್ರಿಕ ಸತ್ತು ಮರಳಿ ಬರುತ್ತಾನೆ, ಕೇಡಿನ ಉಂಗುರವನ್ನು ಬೆಂಕಿಬೆಟ್ಟಕ್ಕೆ ಎಸೆದು ನಾಶಮಾಡಲು ಹೊರಟ ಫ್ರೋಡೊ ಪರರ ಹೊರೆ ಹೊತ್ತು ಗುಡ್ಡ ಹತ್ತುತ್ತಾನೆ, ಅರಗಾರ್ನ್ ಕೈಮುಟ್ಟಿ ಗುಣಪಡಿಸುವ ಅರಸ. ಗುಣಗಳು ಮೂವರಲ್ಲಿ ಚದುರಿವೆ, ಒಬ್ಬನಲ್ಲೂ ಪೂರ್ತಿಯಿಲ್ಲ. ಓದಿನ ಕೂಟಗಳು ಮೊದಲ ತಿಂಗಳಲ್ಲೇ ಮುರಿಯುವುದು ಈ ಹುಡುಕಾಟದಿಂದ. ಎರಡನೇ ಮುದ್ರಣದ ಮುನ್ನುಡಿಯಲ್ಲಿ ಟೋಲ್ಕಿನ್ ಅನ್ಯೋಕ್ತಿ ತಮಗೆ ಒಗ್ಗದು ಎಂದು ಖಡಾಖಂಡಿತವಾಗಿ ಹೇಳಿದ್ದಾರೆ.

ಬದಲಿಗೆ ಒಂದು ಎಳೆ ಹಿಡಿದು ಓದಿ: ಕನಿಕರ. ನಾಲ್ಕು ಜಾಗ ಗುರುತು ಹಾಕಿಕೊಳ್ಳಿ. ‘ಹಾಬಿಟ್’ನ 5ನೇ ಅಧ್ಯಾಯ, ಕತ್ತಲಲ್ಲಿ ಫ್ರೋಡೊನ ಹಿರಿಯ ಬಂಧು ಬಿಲ್ಬೊ ಕತ್ತಿ ಹಿಡಿದೂ, ಉಂಗುರದ ಆಸೆಯಿಂದ ಕೆಟ್ಟುಹೋದ ಗೊಲ್ಲಮನನ್ನು ಕೊಲ್ಲದೆ ಹಾರಿಹೋಗುವುದು. ಈ ಭಾಗ 1937ರ ಮೊದಲ ಮುದ್ರಣದಲ್ಲಿರಲಿಲ್ಲ, 1951ರಲ್ಲಿ ತಿದ್ದಿ ಸೇರಿಸಿದ್ದು. ಎರಡನೆಯದು ಲಾರ್ಡ್ ಆಫ್ ದಿ ರಿಂಗ್ಸ್‌ನ ಮೊದಲ ಪರ್ವದ 2ನೇ ಅಧ್ಯಾಯ: ಅವನನ್ನು ಕೊಂದಿದ್ದರೆ ಎಷ್ಟು ಚೆನ್ನಾಗಿತ್ತು ಎಂದ ಫ್ರೋಡೊನಿಗೆ ಗ್ಯಾಂಡಾಲ್ಫ್ ಕೊಡುವ ಉತ್ತರ. ಮೂರನೆಯದು ನಾಲ್ಕನೇ ಪರ್ವದ ಮೊದಲ ಅಧ್ಯಾಯ: ಗೊಲ್ಲಮ್ ಎದುರಿಗೇ ಬಿದ್ದಿರುವಾಗ ಫ್ರೋಡೊನಿಗೆ ಆ ಮಾತು ನೆನಪಾಗುವುದು. ನಾಲ್ಕನೆಯದು ಆರನೇ ಪರ್ವದ 3ನೇ ಅಧ್ಯಾಯ: ಫ್ರೋಡೊನ ಜತೆಗಾರ ಸ್ಯಾಮ್ ಕತ್ತಿ ಎತ್ತಿದವನು ಕೂಡ ಕೊನೆಗೆ ಬಿಟ್ಟುಬಿಡುವುದು.

ಆಮೇಲೆ ಬೆಂಕಿಯ ಅಂಚು. ಸಾವಿರ ಪುಟ ನಡೆದು ಬಂದ ಫ್ರೋಡೊ ಅಲ್ಲಿ ಸೋಲುತ್ತಾನೆ. ಉಂಗುರ ಎಸೆಯಲಾರೆ, ಇದು ನನ್ನದು ಎನ್ನುತ್ತಾನೆ. ನಾಯಕ ಗೆಲ್ಲಲಿಲ್ಲ ಎಂಬುದು ಎಷ್ಟೋ ಓದುಗರ ಗಮನಕ್ಕೇ ಬರುವುದಿಲ್ಲ, ಯಾಕೆಂದರೆ ಮರುಪುಟದಲ್ಲೇ ಉಂಗುರ ನಾಶವಾಗುತ್ತದೆ. ನಾಶವಾಗುವುದು ಗೊಲ್ಲಮನಿಂದ: ಬೆರಳು ಕಚ್ಚಿ ಕಿತ್ತುಕೊಂಡು, ಕುಣಿದು, ಕಾಲುಜಾರಿ ಬೀಳುತ್ತಾನೆ. ಮತ್ತೆ ಮತ್ತೆ ಕನಿಕರಪಟ್ಟು ಉಳಿಸಿದ ಜೀವ ಅದು. ಟೋಲ್ಕಿನ್ ಒಂದು ಪತ್ರದಲ್ಲಿ ಇದನ್ನು ಕರ್ತನ ಪ್ರಾರ್ಥನೆಯ ಜತೆ ಇಟ್ಟು ನೋಡಿದ್ದಾರೆ: ನಾವು ಕ್ಷಮಿಸಿದಂತೆ ನಮ್ಮನ್ನು ಕ್ಷಮಿಸು, ಶೋಧನೆಯೊಳಗೆ ಸೇರಿಸಬೇಡ. ಕೃಪೆಯ ಉಪದೇಶ ಮಾಡದೆಯೇ, ಕೃಪೆ ಬೇಕೇ ಬೇಕು ಎಂಬುದನ್ನು ಇಷ್ಟು ನಿಷ್ಠುರವಾಗಿ ತೋರಿಸಿದ ಕಥೆ ಇನ್ನೊಂದಿಲ್ಲ.

ಆ ದಿನ ಮಾರ್ಚ್ 25, ಪುಸ್ತಕದ ಕೊನೆಗಿರುವ ಅನುಬಂಧದಲ್ಲಿದೆ. ಮಂಗಳವಾರ್ತೆಯ ಹಬ್ಬ, ಹಳೆಯ ಸಂಪ್ರದಾಯದಲ್ಲಿ ಶಿಲುಬೆಯ ದಿನವೂ ಹೌದು. ರಿವೆಂಡೆಲ್‌ನಿಂದ ಉಂಗುರದ ತಂಡ ಹೊರಟದ್ದು ಡಿಸೆಂಬರ್ 25. ಕಥೆಯಲ್ಲಿ ಯಾರೂ ಈ ಹಬ್ಬಗಳ ಹೊಂದಿಕೆಯ ಬಗ್ಗೆ ಚಕಾರ ಎತ್ತುವುದಿಲ್ಲ.

ಓದಿಗೆ ಇಳಿಯುವಾಗ ‘ಸಿಲ್ಮರಿಲಿಯನ್’ನಿಂದ ಶುರುಮಾಡಬೇಡಿ. ಸೃಷ್ಟಿಯ ಸಂಗೀತ ಅಲ್ಲಿದೆ ಎಂದು ಕೇಳಿ ಕೈಹಾಕಿದವರು ಹೆಸರುಗಳ ಕಾಡಿನಲ್ಲಿ ಕಳೆದುಹೋಗುತ್ತಾರೆ. ಮೊದಲ ಅಧ್ಯಾಯ ‘ಐನುಲಿಂಡಾಲೆ’ ಮಾತ್ರ ಬೇರೆಯಾಗಿ ಓದಿದರೆ ಸಾಕು, ಆದಿಕಾಂಡದ ಮೊದಲ ಅಧ್ಯಾಯ ಪಕ್ಕದಲ್ಲಿರಲಿ. ದೊಡ್ಡ ಪುಸ್ತಕಕ್ಕೆ ಪುರುಸೊತ್ತೇ ಇಲ್ಲದವರಿಗೆ 1945ರ ಸಣ್ಣ ಕಥೆ ‘ಲೀಫ್ ಬೈ ನಿಗಲ್’. ಒಂದು ಎಲೆ ಬಿಡಿಸಲು ಹೋಗಿ ಮರವೇ ಮುಗಿಯದೆ ಹೊರಟುಹೋಗಬೇಕಾದ ಚಿತ್ರಗಾರ, ಆಮೇಲೆ ಶುದ್ಧೀಕರಣದ ಜಾಗ, ಆಮೇಲೆ ನಿಜವಾಗಿ ನಿಂತ ಮರ. ಒಂದು ತಾಸಿನ ಓದು.

ಮ್ಯಾಕ್‌ಡೊನಾಲ್ಡ್: ಕಾಣದ ಅಜ್ಜಿಯ ನೂಲು

ಈ ಇಬ್ಬರಿಗಿಂತ ಮುಂಚಿನವರು ಸ್ಕಾಟ್ಲೆಂಡಿನ ಜಾರ್ಜ್ ಮ್ಯಾಕ್‌ಡೊನಾಲ್ಡ್ (1824–1905). ಅರಂಡೆಲ್‌ನ ಸಭೆಗೆ ಪಾದ್ರಿಯಾಗಿದ್ದು, ದೇವರ ಕರುಣೆಗೆ ಇವರು ಮಿತಿಯೇ ಇಡುತ್ತಿಲ್ಲ ಎಂದು ಹಿರಿಯರು ಮುನಿಸಿಕೊಂಡ ಮೇಲೆ 1853ರಲ್ಲಿ ಬಿಟ್ಟುಬಂದವರು. 1916ರಲ್ಲಿ ಹದಿಹರೆಯದ ಲೂಯಿಸ್ ರೈಲು ನಿಲ್ದಾಣದಲ್ಲಿ ಇವರ ‘ಫ್ಯಾಂಟಾಸ್ಟಿಸ್’ ಕೊಂಡು ಓದಿ, ಅದು ತನ್ನ ಕಲ್ಪನಾಶಕ್ತಿಗೆ ದೀಕ್ಷಾಸ್ನಾನ ಮಾಡಿಸಿತು ಎಂದು ಮುಂದೆ ಬರೆದರು. ಆ ಮಾತು ನಂಬಿ ಫ್ಯಾಂಟಾಸ್ಟಿಸ್‌ನಿಂದಲೇ (1858) ಶುರುಮಾಡಿದವರು ನಾಲ್ಕೈದು ಅಧ್ಯಾಯಕ್ಕೇ ಕೈಬಿಡುತ್ತಾರೆ. ಅದು ಕನಸಿನ ನಡಿಗೆ, ಅದರಲ್ಲಿ ಮುಂದೇನಾಯಿತು ಎಂಬ ಎಳೆತವಿಲ್ಲ. ‘ದಿ ಪ್ರಿನ್ಸೆಸ್ ಅಂಡ್ ದಿ ಗಾಬ್ಲಿನ್’ (1872) ಹಿಡಿಯಿರಿ. 32 ಚಿಕ್ಕ ಅಧ್ಯಾಯ, ಮಲಗುವ ಹೊತ್ತಿಗೆ ಹೇಳಿಮಾಡಿಸಿದ ಅಳತೆ.

ರಾಜಕುಮಾರಿ ಐರೀನ್‌ಗೆ ಮನೆಯ ಮಾಳಿಗೆಯಲ್ಲಿ ಒಬ್ಬ ಮುತ್ತಜ್ಜಿ ಸಿಗುತ್ತಾಳೆ, ಬೇರೆ ಯಾರಿಗೂ ಕಾಣದವಳು. ಅವಳು ನೂತು ಕೊಟ್ಟ ನೂಲು ಕಣ್ಣಿಗೆ ಬೀಳದು, ಬೆರಳಿಗೆ ಮಾತ್ರ ತಾಗುತ್ತದೆ. 20ನೇ ಅಧ್ಯಾಯದಲ್ಲಿ ಭಯಗೊಂಡ ಹುಡುಗಿ ಅದನ್ನು ಹಿಡಿದು ಹೊರಟರೆ, ಅಜ್ಜಿಯ ಬಳಿಗೆ ಒಯ್ಯುವ ಬದಲು ಗುಡ್ಡದ ಹೊಟ್ಟೆಯೊಳಕ್ಕೆ, ಕಲ್ಲುರಾಶಿಯವರೆಗೆ ಒಯ್ಯುತ್ತದೆ. ಹಿಂದಕ್ಕೆ ಹೋಗೋಣವೆಂದು ತಡಕಿದರೆ ನೂಲೇ ಇಲ್ಲ, ಮುಂದಕ್ಕೆ ಮಾತ್ರ ಇದೆ. ಕಲ್ಲು ಸರಿಸಿದರೆ ಅದರಾಚೆ ಸೆರೆಸಿಕ್ಕ ಕರ್ಡಿ ಎಂಬ ಗಣಿಯ ಹುಡುಗ.

22ನೇ ಅಧ್ಯಾಯ ಇನ್ನೂ ಮೇಲು. ಕರ್ಡಿಯನ್ನು ಅಜ್ಜಿಯ ಬಳಿ ಕರೆತರುತ್ತಾಳೆ. ಐರೀನ್ ಅವಳ ಮಡಿಲಲ್ಲಿ ಕೂತಿದ್ದಾಳೆ. ಅವನಿಗೆ ಕಾಣುವುದು ಖಾಲಿ ಮಾಳಿಗೆ, ಒಂದು ತೊಟ್ಟಿ, ಮುಗ್ಗಲು ಹುಲ್ಲು, ಬಾಡಿದ ಸೇಬು, ಮೇಲಿನ ಕಿಂಡಿಯಿಂದ ಬಿದ್ದ ಬಿಸಿಲುಕೋಲು. ತನ್ನನ್ನು ಅಣಕಿಸುತ್ತಿದ್ದಾಳೆಂದು ಸಿಟ್ಟಾಗಿ ಹೋಗುತ್ತಾನೆ. ಅಜ್ಜಿ ಅವನನ್ನು ಬೈಯುವುದಿಲ್ಲ. ನಂಬಲು ಆಗುವಷ್ಟನ್ನೇ ಜನ ನಂಬಬೇಕು, ಹೆಚ್ಚು ನಂಬುವವರು ಕಡಿಮೆ ನಂಬುವವರ ಮೇಲೆ ಕಠಿಣರಾಗಬಾರದು ಎಂಬರ್ಥದ ಮಾತು ಹೇಳುತ್ತಾಳೆ. ಒಂದೇ ಮನೆಯಲ್ಲಿ ಒಬ್ಬರು ಜಪಸರ ಹಿಡಿದು ಇನ್ನೊಬ್ಬರು ಹಿಡಿಯದೆ ಬದುಕುತ್ತಿರುವ ಕಡೆ ಈ ಅಧ್ಯಾಯ ಗಟ್ಟಿಯಾಗಿ ಓದಿ.

‘ಅಟ್ ದಿ ಬ್ಯಾಕ್ ಆಫ್ ದಿ ನಾರ್ತ್ ವಿಂಡ್’ (1871) ಸುಂದರ, ಆದರೆ ಎಚ್ಚರ. ಅದರ ಉತ್ತರದ ಗಾಳಿ ಸಾವೂ ಹೌದು, ಡೈಮಂಡ್ ಎಂಬ ಪುಟ್ಟ ಹುಡುಗ ಕೊನೆಗೆ ಸಾಯುತ್ತಾನೆ. ಮಗುವನ್ನು ಕಳೆದುಕೊಂಡ ಮನೆಗೆ ಕೇಳದೆ ಕೊಡಬೇಡಿ.

ಸಂದೇಹವಿರುವ ದೊಡ್ಡವರಿಗೆ

ಅದೇ ಕಾಣದ ಕೋಣೆ 1956ರಲ್ಲಿ ಮತ್ತೆ ಬರುತ್ತದೆ, ಲೂಯಿಸರ ‘ಟಿಲ್ ವಿ ಹ್ಯಾವ್ ಫೇಸಸ್’ನಲ್ಲಿ. ಕ್ಯೂಪಿಡ್ ಮತ್ತು ಸೈಕಿಯ ಹಳೆಯ ಕಥೆಯನ್ನು ಕುರೂಪಿ ಅಕ್ಕ ಒರುವಲ್ ಹೇಳುತ್ತಾಳೆ. ತಂಗಿ ಅರಮನೆಯಲ್ಲಿದ್ದೇನೆ ಎನ್ನುತ್ತಾಳೆ, ಅಕ್ಕನಿಗೆ ಕಾಣುವುದು ಬರೀ ಬಯಲು. ಪುಸ್ತಕವಿಡೀ ದೇವತೆಗಳ ಮೇಲೆ ಅವಳು ಬರೆದ ದೂರು. ಕ್ರಿಸ್ತನ ಹೆಸರಿಲ್ಲ, ಕ್ರಿಸ್ತಪೂರ್ವದ ಕಾಲ. ಮೊದಲ ಭಾಗದ 21 ಅಧ್ಯಾಯ ಅವಳ ಪರವಾಗಿಯೇ ನಿಲ್ಲುವಂತೆ ಮಾಡುತ್ತದೆ, ಎರಡನೇ ಭಾಗದ ನಾಲ್ಕೇ ಅಧ್ಯಾಯದಲ್ಲಿ ಅದೇ ದೂರನ್ನು ಗಟ್ಟಿಯಾಗಿ ಓದಬೇಕಾಗುತ್ತದೆ. ಮೊದಲ ಭಾಗಕ್ಕೇ ನಿಲ್ಲಿಸಿದವರು ಪುಸ್ತಕವನ್ನು ಓದಿದಂತಲ್ಲ. ಯೋಬನ ಗ್ರಂಥ ಪಕ್ಕದಲ್ಲಿರಲಿ.

‘ಪೆರೆಲಾಂಡ್ರಾ’ (1943) ಹವ್ವಳು ಇನ್ನೂ ಬೀಳದ ಲೋಕ. ಶೋಧನೆಯ ಸಂವಾದ ದೀರ್ಘ, ತಾಳ್ಮೆಯುಳ್ಳವರಿಗೆ. ಚೆಸ್ಟರ್‌ಟನ್‌ರ ‘ದಿ ಮ್ಯಾನ್ ಹೂ ವಾಸ್ ಥರ್ಸ್‌ಡೇ’ (1908) ಪತ್ತೇದಾರಿಯಂತೆ ಓಡುತ್ತದೆ; ‘ದುಃಸ್ವಪ್ನ’ ಎಂಬ ಅದರ ಉಪಶೀರ್ಷಿಕೆಯನ್ನು ಮರೆತವರು ಕೊನೆಯಲ್ಲಿ ದಾರಿತಪ್ಪುತ್ತಾರೆ. ಕಾದಂಬರಿಕಾರ ಚಾರ್ಲ್ಸ್ ವಿಲಿಯಮ್ಸ್‌ರನ್ನು ಈ ಎಲ್ಲರ ನಂತರ ಇಟ್ಟುಕೊಳ್ಳಿ. ವಿಜ್ಞಾನ ಇಷ್ಟಪಡುವ ಹನ್ನೆರಡರ ಮಕ್ಕಳಿಗೆ ಮೆಡಲಿನ್ ಲೆಂಗಲ್‌ರ ‘ಎ ರಿಂಕಲ್ ಇನ್ ಟೈಮ್’ (1962) ಸೂಕ್ತ. ಕೊನೆಯ ಅಧ್ಯಾಯದಲ್ಲಿ ನಾಯಕಿ ಮೆಗ್‌ಗೆ ಸಿಗುವ ಉಡುಗೊರೆಗಳಲ್ಲೊಂದು 1 ಕೊರಿಂಥ 1ರ ಮಾತು. ಕತ್ತಲೆಯ ಎದುರು ಹೋರಾಡಿದವರ ಸಾಲಿನಲ್ಲಿ ಯೇಸುವಿನ ಜತೆ ಬುದ್ಧ, ಗಾಂಧಿಯವರನ್ನೂ ಹೆಸರಿಸಿದ್ದಕ್ಕೆ ಅಮೆರಿಕದ ಕೆಲವು ಕ್ರೈಸ್ತರು ತಕರಾರು ತೆಗೆದದ್ದುಂಟು.

ಮಾಟಮಂತ್ರ ಇರುವ ಪುಸ್ತಕ ಮಕ್ಕಳಿಗೆ ಯಾಕೆ ಎಂದು ಸಭೆಯ ಹಿರಿಯರು ಧರ್ಮೋಪದೇಶಕಾಂಡ 18 ತೆರೆದು ಕೇಳುವುದುಂಟು. ನ್ಯಾಯವಾದ ಪ್ರಶ್ನೆ, ತಳ್ಳಿಹಾಕಬೇಡಿ. ಮೆಜಿಷಿಯನ್ಸ್ ನೆಫ್ಯೂನಲ್ಲಿ ಮಂತ್ರವಿದ್ಯೆಗೆ ಕೈಹಾಕಿದ ಆಂಡ್ರ್ಯೂ ಮಾವ ಏನಾಗುತ್ತಾನೆಂದು ತೋರಿಸಿ. ಗ್ಯಾಂಡಾಲ್ಫ್ ಮಂತ್ರ ಕಲಿತ ಮನುಷ್ಯನಲ್ಲ, ದೇವದೂತರ ವರ್ಗಕ್ಕೆ ಸೇರಿದವನಾಗಿ ಕಳುಹಿಸಲ್ಪಟ್ಟವನು ಎಂದು ಹೇಳಿ. ಅದಾದ ಮೇಲೂ ಒಪ್ಪದಿದ್ದರೆ ಮ್ಯಾಕ್‌ಡೊನಾಲ್ಡ್‌ರಿಂದ ಶುರುಮಾಡಿ.

ಕೂಟ ನಡೆಸುವ ಲೆಕ್ಕ

ಲಯನ್ 17 ಅಧ್ಯಾಯ. ಇಂಗ್ಲಿಷಿನಲ್ಲಿ ಗಟ್ಟಿಯಾಗಿ ಓದಿದರೆ ಒಂದಕ್ಕೆ 15ರಿಂದ 20 ನಿಮಿಷ. ನಡುನಡುವೆ ಕನ್ನಡದಲ್ಲಿ ಹೇಳುತ್ತ ಹೋದರೆ ಅರ್ಧ ತಾಸು ಹಿಡಿಯಿರಿ. ಆರು ವಾರಕ್ಕೆ ಹಂಚುವುದಾದರೆ 1–4, 5–7, 8–10, 11–13, 14–15, 16–17. ಅರ್ಥದ ಮಾತು ಐದನೇ ವಾರದವರೆಗೆ ಎತ್ತಲೇಬೇಡಿ. ಮಕ್ಕಳೇ ‘ಇದು ಯೇಸುವಿನ ಹಾಗಿದೆ’ ಎಂದರೆ ಹೌದೆನ್ನಿ, ಮುಂದಕ್ಕೆ ಓದಿ. 14ನ್ನೂ 15ನ್ನೂ ಬೇರೆ ವಾರಕ್ಕೆ ಸೀಳಬಾರದು. ಒಂದೇ ಒಂದು ಅಪವಾದ: ಹತ್ತು ದಾಟಿದ ಮಕ್ಕಳಾದರೆ ಶುಭ ಶುಕ್ರವಾರ ಸಂಜೆ 14, ಈಸ್ಟರ್ ಬೆಳಿಗ್ಗೆ 15.

ಟೋಲ್ಕಿನ್‌ಗೆ ಅವರದೇ ಪಂಚಾಂಗ ಹಿಡಿಯಬಹುದು. ಮೊದಲ ಪರ್ವದ 12 ಅಧ್ಯಾಯ, ಎರಡನೇ ಪರ್ವದ ಮೊದಲೆರಡು, ಒಟ್ಟು 14ನ್ನು ನವೆಂಬರ್ ಮಧ್ಯದಿಂದ ಕ್ರಿಸ್ಮಸ್‌ಗೆ ಮುಗಿಸಿ. ತಂಡ ಹೊರಡುವ ಅಧ್ಯಾಯ ಡಿಸೆಂಬರ್ 25ಕ್ಕೆ. ಅಲ್ಲಿಂದ ಬೆಂಕಿಯ ಅಂಚಿನವರೆಗೆ 42 ಅಧ್ಯಾಯ, ಮಾರ್ಚ್ 25ಕ್ಕೆ 90 ದಿನ, ಎರಡು ದಿನಕ್ಕೊಂದು ಓದಿದರೆ ಆರು ದಿನ ಉಳಿಯುತ್ತದೆ. ಎಡವುವುದು ನಾಲ್ಕನೇ ಪರ್ವದಲ್ಲಿ: ಫ್ರೋಡೊ, ಸ್ಯಾಮ್, ಗೊಲ್ಲಮ್ ಬಿಟ್ಟರೆ ಹೆಚ್ಚು ಜನರಿಲ್ಲ, ಜೌಗು, ಕಲ್ಲು, ಹಸಿವು. ಉಳಿದ ಆರು ದಿನವನ್ನು ಅಲ್ಲಿಗೇ ಇಟ್ಟುಕೊಳ್ಳಿ. ಬೆಂಕಿ ಆರಿದ ಮೇಲೂ ಆರು ಅಧ್ಯಾಯ ಉಳಿದಿರುತ್ತವೆ. ಕಥೆ ಮುಗಿಯಿತೆಂದು ಅವನ್ನು ಓಡಿಸಿಬಿಡುವವರು ಬಹಳ. ವಾರಕ್ಕೊಂದೇ ಓದಿ. ಫ್ರೋಡೊನ ಗಾಯ ಊರಿಗೆ ಬಂದ ಮೇಲೂ ಮಾಯುವುದಿಲ್ಲ, ಪ್ರತಿ ವರ್ಷ ಅದೇ ತಾರೀಖಿಗೆ ನೋಯುತ್ತದೆ. ಕೊನೆಯ ಅಧ್ಯಾಯದ ದಿನ ಪ್ರಶ್ನೆಗಳ ಹಾಳೆ ಬೇಡ, ಒಬ್ಬರು ಓದಲಿ, ಉಳಿದವರು ಕೇಳಲಿ.